‘ಪರಾಕ್ಲೇತೊಸ್’: ಒಂದು ಪದದ ಮೂಲ ಮತ್ತು ಅರ್ಥಚರಿತ್ರೆ

ಹೊಸ ಒಡಂಬಡಿಕೆಯ ಗ್ರೀಕ್ ಮೂಲದಲ್ಲಿ ‘ಪರಾಕ್ಲೇತೊಸ್’ ಎಂಬ ಪದವು ಐದು ಬಾರಿ ಮಾತ್ರ ಬಳಕೆಯಾಗಿದೆ. ಯೋಹಾನನ ಸುವಾರ್ತೆಯ 14ನೆಯ ಅಧ್ಯಾಯದಲ್ಲಿ ಎರಡು ಬಾರಿ, 15 ಮತ್ತು 16ನೆಯ ಅಧ್ಯಾಯಗಳಲ್ಲಿ ಒಂದೊಂದು ಬಾರಿ, ಯೋಹಾನನ ಮೊದಲನೆಯ ಪತ್ರದ ಎರಡನೆಯ ಅಧ್ಯಾಯದ ಆರಂಭದಲ್ಲಿ ಒಮ್ಮೆ. ಮತ್ತಾಯ, ಮಾರ್ಕ, ಲೂಕರ ಸುವಾರ್ತೆಗಳಲ್ಲಾಗಲಿ ಪೌಲನ ಪತ್ರಗಳಲ್ಲಾಗಲಿ ಈ ಪದದ ಸುಳಿವಿಲ್ಲ. ಸುವಾರ್ತೆಯ ನಾಲ್ಕು ಸಂದರ್ಭಗಳಲ್ಲಿ ಇದು ಪವಿತ್ರಾತ್ಮನನ್ನು ಸೂಚಿಸುತ್ತದೆ. ಪತ್ರದಲ್ಲಿ ಮಾತ್ರ ಸ್ವತಃ ಕ್ರಿಸ್ತನನ್ನು. ಬಳಕೆ ಇಷ್ಟು ವಿರಳವಾಗಿದ್ದರೂ ಇದರ ಅರ್ಥವನ್ನು ಕುರಿತು ನಡೆದಷ್ಟು ಚರ್ಚೆ ಕ್ರೈಸ್ತ ಪರಿಭಾಷೆಯ ಕೆಲವೇ ಪದಗಳನ್ನು ಕುರಿತು ನಡೆದಿದೆ. ಸಂತೈಸುವವನು ಎಂಬ ಅರ್ಥವೇ ಬಹುಕಾಲ ಪ್ರಚಲಿತವಾಗಿದ್ದರೂ ಪದದ ಹುಟ್ಟು ಶೋಕಗೃಹದಲ್ಲಿ ಆದುದಲ್ಲ, ನ್ಯಾಯಸಭೆಯ ಆವರಣದಲ್ಲಿ ಆದುದು. ಈ ಎರಡು ಅರ್ಥಗಳ ನಡುವಣ ಅಂತರ ಕೇವಲ ನಿಘಂಟಿಗೆ ಸಂಬಂಧಿಸಿದ್ದಲ್ಲ. ಮೊದಲ ಶತಮಾನದ ಅಂತ್ಯದಲ್ಲಿ ಹಿಂಸೆಗೆ ಈಡಾಗುತ್ತಿದ್ದ ಒಂದು ಚಿಕ್ಕ ಸಮುದಾಯಕ್ಕೆ ದೊರೆತ ಭರವಸೆ ಕಣ್ಣೀರೊರೆಸುವ ಕೈಯದೋ, ಕಟಕಟೆಯಲ್ಲಿ ಪಕ್ಕಕ್ಕೆ ಬಂದು ನಿಲ್ಲುವ ಗೆಳೆಯನದೋ ಎಂಬ ಪ್ರಶ್ನೆ ಅದರಲ್ಲಿ ಅಡಗಿದೆ.

ವ್ಯುತ್ಪತ್ತಿ ಸರಳವಾದುದು. ‘ಪರ’ ಎಂದರೆ ಬಳಿ, ಪಕ್ಕ. ‘ಕಲೇಇನ್’ ಎಂದರೆ ಕರೆಯುವುದು. ಇವೆರಡರಿಂದ ಆದ ‘ಪರಾಕ್ಲೇತೊಸ್’ ರೂಪದಲ್ಲಿ ಕರ್ಮಣಿ ವಿಶೇಷಣ: ‘ಪಕ್ಕಕ್ಕೆ ಕರೆಯಲ್ಪಟ್ಟವನು’. ಕರೆಯುವವನಲ್ಲ, ಸಂತೈಸುವವನೂ ಅಲ್ಲ. ಕರೆ ಬಂದುದರಿಂದ ಬಂದು ನಿಂತವನು. ಈ ವ್ಯಾಕರಣಾಂಶವನ್ನು ಮರೆತ ಅನುವಾದಗಳೇ ಹೆಚ್ಚು. ಕನ್ನಡ ಕಿವಿಗೆ ಈ ಗ್ರೀಕ್ ಪದ ‘ಪರಾಕು’ ಎಂಬುದನ್ನು ನೆನಪಿಸಬಹುದು. ಆದರೆ ಧ್ವನಿಸಾಮ್ಯವು ಸಂಬಂಧಕ್ಕೆ ಸಾಕ್ಷಿಯಲ್ಲ. ಇದೇ ಪದದ ವಿಷಯದಲ್ಲಿ ಧ್ವನಿಸಾಮ್ಯವನ್ನು ನೆಚ್ಚಿ ಹುಟ್ಟಿದ ಇನ್ನೊಂದು ವಾದವು ಮುಂದೆ ಬರಲಿದೆ.

ಪ್ರಾಚೀನ ಅಥೆನ್ಸಿನ ನ್ಯಾಯಪದ್ಧತಿಯಲ್ಲಿ ಇಂದಿನ ಅರ್ಥದ ವಕೀಲವೃತ್ತಿ ಇರಲಿಲ್ಲ. ವಾದಿ ಪ್ರತಿವಾದಿಗಳು ತಮ್ಮ ಮಾತನ್ನು ತಾವೇ ಆಡಬೇಕಿತ್ತು. ಭಾಷಣವನ್ನು ಬೇರೊಬ್ಬರಿಂದ ಬರೆಸಿಕೊಳ್ಳಬಹುದಿತ್ತು, ತನ್ನ ಪರವಾಗಿ ಒಂದಿಷ್ಟು ಹೊತ್ತು ಮಾತನಾಡಲು ಬಂಧುಮಿತ್ರರನ್ನು ಕರೆತರಬಹುದಿತ್ತು. ಹಾಗೆ ಕರೆತಂದವರು ಬರಿದೆ ಜೊತೆಗೆ ನಿಂತರೂ ಅದಕ್ಕೊಂದು ಬೆಲೆಯಿತ್ತು: ಇಂಥ ಗಣ್ಯರು ಇವನ ಪಕ್ಷದಲ್ಲಿದ್ದಾರೆ ಎಂಬುದು ತೀರ್ಪುಗಾರರ ಮನಸ್ಸಿನ ಮೇಲೆ ಪರಿಣಾಮ ಬೀರುತ್ತಿತ್ತು. ಕ್ರಿ.ಪೂ. 343ರಲ್ಲಿ ಈಸ್ಕಿನೀಸನ ವಿರುದ್ಧ ಹೂಡಿದ ಮೊಕದ್ದಮೆಯ ಭಾಷಣವನ್ನು ಡೆಮಾಸ್ಥನೀಸ್ ಆರಂಭಿಸುವುದೇ ಇಂಥ ‘ಪರಾಕ್ಲೇತೊಸ್’ಗಳ ಓಡಾಟ, ಒತ್ತಾಯಗಳ ಬಗ್ಗೆ ತೀರ್ಪುಗಾರರನ್ನು ಎಚ್ಚರಿಸುವುದರಿಂದ. ಆಗ ಪದಕ್ಕೆ ಪಾವಿತ್ರ್ಯದ ಸೋಂಕೂ ಇರಲಿಲ್ಲ. ಅದು ಪ್ರಭಾವ ಬೀರಲು ಬಂದವರ ಹೆಸರು, ಅಷ್ಟೆ.

ರೋಮನ್ನರಲ್ಲಿ ಇದಕ್ಕೆ ಸಂವಾದಿಯಾದ ಪದ ‘ಅದ್ವೊಕಾತುಸ್’. ಅದರ ಘಟಕಗಳೂ ಇವೇ: ಬಳಿಗೆ, ಕರೆಯಲ್ಪಟ್ಟವನು. ಇಂದಿನ ‘ಅಡ್ವೊಕೇಟ್’ ಇದರ ಸಂತಾನ. ಆದರೆ ಗಣರಾಜ್ಯದ ಕಾಲದ ರೋಮಿನಲ್ಲಿ ನ್ಯಾಯಾಲಯದಲ್ಲಿ ವಾದ ಮಂಡಿಸುತ್ತಿದ್ದವನನ್ನು ‘ಪತ್ರೋನುಸ್’ ಎನ್ನುತ್ತಿದ್ದರು. ‘ಅದ್ವೊಕಾತುಸ್’ ಎಂಬುವನು ತನ್ನ ಸಲಹೆಯಿಂದ, ಬಹುಮಟ್ಟಿಗೆ ತನ್ನ ಉಪಸ್ಥಿತಿಯಿಂದಲೇ ನೆರವಾಗುತ್ತಿದ್ದ ಪ್ರತಿಷ್ಠಿತ ಮಿತ್ರ. ಗ್ರೀಕ್ ಪದದ ನಿಖರ ಅರ್ಥವನ್ನು ಕುರಿತು ಆಧುನಿಕ ವಿದ್ವಾಂಸರು ಇಲ್ಲಿಯೇ ಕವಲೊಡೆಯುತ್ತಾರೆ. ಕೆನೆತ್ ಗ್ರೇಸ್ಟನ್ 1981ರಲ್ಲಿ ಪ್ರಕಟಿಸಿದ ಪ್ರಬಂಧದಲ್ಲಿ ಈ ಪದ ನ್ಯಾಯಶಾಸ್ತ್ರದ ಪಾರಿಭಾಷಿಕವಲ್ಲ, ದೊಡ್ಡವರ ಬಳಿ ಒಬ್ಬನ ಪರವಾಗಿ ನಿಲ್ಲುವ ಬೆಂಬಲಿಗ ಎಂಬ ಸಾಮಾನ್ಯಾರ್ಥದ್ದು, ನ್ಯಾಯಾಲಯ ಅದರ ಹಲವು ಸಂದರ್ಭಗಳಲ್ಲಿ ಒಂದು ಮಾತ್ರ ಎಂದು ವಾದಿಸಿದರು. 2009ರಲ್ಲಿ ಲಾಕ್ಲನ್ ಶೆಲ್ಫರ್ ಇದಕ್ಕೆ ವಿರುದ್ಧವಾಗಿ, ಗ್ರೀಕ್ ಪದವನ್ನು ಲ್ಯಾಟಿನ್ ‘ಅದ್ವೊಕಾತುಸ್’ನ ಸಮಾನರೂಪವಾಗಿ ನಿಖರವಾದ ನ್ಯಾಯಿಕ ಅರ್ಥದಲ್ಲಿಯೇ ಗ್ರಹಿಸಬೇಕೆಂದರು. ಇಬ್ಬರ ಅಭಿಪ್ರಾಯಗಳೂ ಸೇರುವ ಒಂದು ಬಿಂದುವಿದೆ: ಸಂತೈಸುವವನು ಎಂಬುದು ಮೂಲಾರ್ಥವಲ್ಲ.

ಸುವಾರ್ತೆಗೆ ಅರ್ಧ ಶತಮಾನಕ್ಕೂ ಹಿಂದಿನ ಬಳಕೆಯನ್ನು ಅರಿಯಲು ಅಲೆಗ್ಸಾಂಡ್ರಿಯದ ಯೆಹೂದಿ ದಾರ್ಶನಿಕ ಫೈಲೋನ ಗ್ರಂಥಗಳು ಅಮೂಲ್ಯ ಆಕರ. ಲೋಕವನ್ನು ಸೃಷ್ಟಿಸಿ ಅದಕ್ಕೆ ಒಳಿತನ್ನು ದಯಪಾಲಿಸುವಾಗ ದೇವರಿಗೆ ಯಾವ ‘ಪರಾಕ್ಲೇತೊಸ್’ನ ಮಾತೂ ಬೇಕಾಗಲಿಲ್ಲ, ಆಗ ಬೇರೊಬ್ಬನು ಇರಲೇ ಇಲ್ಲವಲ್ಲ ಎನ್ನುತ್ತಾನೆ ಫೈಲೋ. ತನ್ನನ್ನು ಮಾರಿದ ಸೋದರರನ್ನು ಕ್ಷಮಿಸುವ ಯೋಸೇಫನು ನಿಮಗೆ ಬೇರೆ ಮಧ್ಯಸ್ಥನ ಅಗತ್ಯವಿಲ್ಲವೆಂದು ಹೇಳುವಲ್ಲಿಯೂ ಇದೇ ಪದವಿದೆ. ಆದರೆ ಎಲ್ಲಕ್ಕಿಂತ ಗಮನಾರ್ಹವಾದುದು ಫ್ಲಾಕಸ್‌ನ ಪ್ರಕರಣ. ಕ್ರಿ.ಶ. 32ರಿಂದ 38ರವರೆಗೆ ಈಜಿಪ್ಟಿನ ರೋಮನ್ ಅಧಿಪತಿಯಾಗಿದ್ದ ಫ್ಲಾಕಸ್, ಚಕ್ರವರ್ತಿ ತಿಬೇರಿಯಸ್ 37ರಲ್ಲಿ ತೀರಿಕೊಂಡ ಮೇಲೆ ದಿಕ್ಕುಗೆಟ್ಟ. ಹೊಸ ಚಕ್ರವರ್ತಿ ಗೈಯಸ್‌ನ ಕೋಪಕ್ಕೆ ಗುರಿಯಾಗುವ ಭಯ ಅವನನ್ನು ಕಾಡತೊಡಗಿತು. ಆಗ ನಗರದ ಯೆಹೂದಿದ್ವೇಷಿಗಳು ಅವನ ಕಿವಿಯೂದಿದರು: ಚಕ್ರವರ್ತಿಯನ್ನು ಒಲಿಸಬಲ್ಲ ಪ್ರಬಲನಾದ ‘ಪರಾಕ್ಲೇತೊಸ್’ ನಿನಗೆ ಬೇಕು, ಅಲೆಗ್ಸಾಂಡ್ರಿಯ ನಗರವೇ ಆ ಪರಾಕ್ಲೇತೊಸ್; ಯೆಹೂದಿಗಳನ್ನು ಕೈಬಿಟ್ಟರೆ ನಗರ ನಿನ್ನ ಪಕ್ಷ ವಹಿಸುತ್ತದೆ. ಫ್ಲಾಕಸ್ ಒಪ್ಪಿದ. 38ರಲ್ಲಿ ಆ ನಗರದ ಯೆಹೂದಿಗಳ ಮೇಲೆ ನಡೆದ ಭೀಕರ ಹಿಂಸಾಚಾರದ ಬೇರು ಈ ವ್ಯವಹಾರದಲ್ಲಿದೆ ಎಂಬುದು ಫೈಲೋನ ನಿರೂಪಣೆ. ಆತನು ಘಟನೆಗಳಿಗೆ ದೂರದ ಸಾಕ್ಷಿಯಲ್ಲ. ಆ ಬಳಿಕ ಯೆಹೂದಿಗಳ ಅಹವಾಲನ್ನು ರೋಮಿಗೆ ಒಯ್ದ ನಿಯೋಗದ ನಾಯಕನೇ ಅವನು. ಫ್ಲಾಕಸ್‌ನಿಗೆ ಅವನ ಪರಾಕ್ಲೇತೊಸ್ ನೆರವಾಗಲಿಲ್ಲ. ಅದೇ ವರ್ಷ ಅವನನ್ನು ಬಂಧಿಸಿ ಆಂಡ್ರೋಸ್ ದ್ವೀಪಕ್ಕೆ ಗಡೀಪಾರು ಮಾಡಲಾಯಿತು, ಮುಂದೆ ಕೊಲ್ಲಲಾಯಿತು. ಬಲಾಢ್ಯನೆದುರು ತನ್ನ ಪರ ನಿಲ್ಲುವ ಬಲ ಯಾವುದೋ, ಅದು ವ್ಯಕ್ತಿಯಾಗಲಿ ಊರಾಗಲಿ, ಅದಕ್ಕೆ ಸಲ್ಲುವ ಹೆಸರು ಇದಾಗಿತ್ತು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ಬೇಕಿಲ್ಲ.

ಗ್ರೀಕ್ ಬಾರದ ಯೆಹೂದಿಗಳಿಗೂ ಪದ ಪರಿಚಿತವಾಯಿತು. ‘ಪೆರಕ್ಲೀಟ್’ ಎಂಬ ರೂಪದಲ್ಲಿ ಹೀಬ್ರೂ, ಅರಮಾಯಿಕ್‌ಗಳು ಇದನ್ನು ಎರವಲು ಪಡೆದವು. ಮಿಷ್ನಾದ ‘ಪಿರ್ಕೆ ಅವೋತ್’ ಭಾಗದಲ್ಲಿ ರಬ್ಬಿ ಎಲಿಯೇಜರ್ ಬೆನ್ ಯಾಕೋಬನ ಹೆಸರಿನಲ್ಲಿ ಬರುವ ಬೋಧನೆಯ ಸಾರಾಂಶ ಹೀಗಿದೆ: ಒಂದು ಆಜ್ಞೆಯನ್ನು ಪಾಲಿಸಿದವನು ತನಗೊಬ್ಬ ಪೆರಕ್ಲೀಟನನ್ನು ಸಂಪಾದಿಸಿಕೊಳ್ಳುತ್ತಾನೆ, ಒಂದು ತಪ್ಪನ್ನೆಸಗಿದವನು ತನಗೊಬ್ಬ ‘ಕತೇಗೋರ್’ನನ್ನು. ಈ ಎರಡನೆಯದೂ ಗ್ರೀಕ್ ಪದವೇ. ಆಪಾದಕ ಎಂದು ಅರ್ಥ. ದೇವರ ನ್ಯಾಯಪೀಠದ ಮುಂದೆ ಒಬ್ಬನ ಸತ್ಕರ್ಮಗಳು ಅವನ ಪರ ನಿಲ್ಲುತ್ತವೆ, ದುಷ್ಕರ್ಮಗಳು ಎದುರು ನಿಲ್ಲುತ್ತವೆ. ಆಪಾದಕನ ಪ್ರತಿಪಕ್ಷಿಯಾಗಿ ನಿಂತ ಪದಕ್ಕೆ ಸಾಂತ್ವನದ ಅರ್ಥವನ್ನು ಹೊಂದಿಸುವುದು ಕಷ್ಟ.

ಆದಿ ಕ್ರೈಸ್ತರ ಬರಹಗಳು ಇದೇ ಲೋಕಕ್ಕೆ ಸೇರಿದವು. ‘ದಿದಖೆ’ ಎಂಬ ಅತಿ ಪ್ರಾಚೀನ ಕ್ರೈಸ್ತ ಬೋಧನಗ್ರಂಥವು ಮೃತ್ಯುಮಾರ್ಗದಲ್ಲಿ ನಡೆಯುವವರನ್ನು ಎಣಿಸುವಾಗ ಸಿರಿವಂತರ ‘ಪರಾಕ್ಲೇತೊಸ್’ಗಳನ್ನೂ ಬಡವರಿಗೆ ಅನ್ಯಾಯದ ತೀರ್ಪು ಕೊಡುವವರನ್ನೂ ಒಟ್ಟಿಗೆ ಸೇರಿಸುತ್ತದೆ. ಪವಿತ್ರಾತ್ಮನಿಗೆ ಸಲ್ಲುವ ಹೆಸರನ್ನೇ ಹಣವಂತರ ಬೆಂಬಲಿಗರಿಗೂ ಬಳಸಲು ಆ ಲೇಖಕನಿಗೆ ಅಳುಕಿಲ್ಲ. ಏಕೆಂದರೆ ಪದ ಆಗ ಇನ್ನೂ ಬಿರುದಾಗಿರಲಿಲ್ಲ, ದಿನಬಳಕೆಯ ಮಾತಾಗಿತ್ತು.

ಈ ಹಿನ್ನೆಲೆಯಲ್ಲಿ ಯೋಹಾನನ ಸುವಾರ್ತೆಯನ್ನು ಓದಿದಾಗ ಸಂದರ್ಭದ ಒತ್ತಡ ಕಾಣುತ್ತದೆ. ಕಡೆಯ ಭೋಜನದ ರಾತ್ರಿ ಯೇಸು ಶಿಷ್ಯರಿಗೆ ತಾನು ಅವರನ್ನು ಅಗಲುವುದನ್ನು ತಿಳಿಸುತ್ತಾನೆ. ಅವರನ್ನು ಅನಾಥರನ್ನಾಗಿ ಬಿಡುವುದಿಲ್ಲವೆಂದು ಹೇಳುತ್ತಾನೆ. ಸಾಂತ್ವನದ ಅರ್ಥವನ್ನು ಎತ್ತಿಹಿಡಿಯುವವರು ಈ ಮಾತನ್ನು ಆಧಾರವಾಗಿಟ್ಟುಕೊಳ್ಳುತ್ತಾರೆ, ಅದು ನಿರಾಧಾರವೂ ಅಲ್ಲ. ಆದರೆ ಅದೇ ಸಂಭಾಷಣೆ ಮುಂದುವರಿದಂತೆ ಶಿಷ್ಯರು ಸಭಾಮಂದಿರಗಳಿಂದ ಹೊರಹಾಕಲ್ಪಡುವರೆಂಬುದೂ, ಅವರನ್ನು ಕೊಲ್ಲುವವರು ಅದನ್ನೇ ದೇವರ ಸೇವೆಯೆಂದು ಭಾವಿಸುವರೆಂಬುದೂ ಬರುತ್ತದೆ. ಪರಾಕ್ಲೇತೊಸ್ ಬಂದು ಮಾಡುವ ಕೆಲಸಗಳು ಯಾವುವು? ಬೋಧಿಸುವುದು, ನೆನಪಿಸುವುದು, ಸಾಕ್ಷಿ ಹೇಳುವುದು, ಲೋಕದ ತಪ್ಪನ್ನು ರುಜುವಾತುಪಡಿಸುವುದು. ಸಂತೈಸುವುದು ಎಂಬ ಕ್ರಿಯೆ ಈ ಪಟ್ಟಿಯಲ್ಲಿ ಒಮ್ಮೆಯೂ ಇಲ್ಲ. ‘ಪರಕಲೇಇನ್’ ಎಂಬ ಕ್ರಿಯಾಪದಕ್ಕೂ ‘ಪರಾಕ್ಲೇಸಿಸ್’ ಎಂಬ ಭಾವನಾಮಕ್ಕೂ ಹೊಸ ಒಡಂಬಡಿಕೆಯ ಇತರ ಲೇಖಕರಲ್ಲಿ ಸಂತೈಸು, ಹುರಿದುಂಬಿಸು, ಬೇಡಿಕೊಳ್ಳು ಎಂಬ ಅರ್ಥಗಳಲ್ಲಿ ವಿಪುಲ ಬಳಕೆಯುಂಟು. ಆದರೆ ಯೋಹಾನನ ಹೆಸರಿನ ಸುವಾರ್ತೆಯಲ್ಲಾಗಲಿ ಪತ್ರಗಳಲ್ಲಾಗಲಿ ಇವೆರಡೂ ಒಮ್ಮೆಯೂ ಬರುವುದಿಲ್ಲ. ಇದು ಆಕಸ್ಮಿಕವಿರಲಾರದು. ನ್ಯಾಯಾಧೀಶರ ಮುಂದೆ ಎಳೆದೊಯ್ದಾಗ ಏನು ಹೇಳಬೇಕೆಂದು ಚಿಂತಿಸಬೇಡಿ, ಪವಿತ್ರಾತ್ಮನೇ ನಿಮ್ಮ ಮೂಲಕ ಮಾತನಾಡುವನು ಎಂಬ ಭರವಸೆ ಮಾರ್ಕನಲ್ಲಿಯೂ ಮತ್ತಾಯನಲ್ಲಿಯೂ ಇದೆ. ಅದೇ ಭರವಸೆ ಯೋಹಾನನಲ್ಲಿ ಒಂದು ಹೆಸರನ್ನು ಪಡೆಯಿತೆನ್ನಬಹುದು.

ಆದರೂ ಯೋಹಾನನ ಪರಾಕ್ಲೇತೊಸ್ ಕೇವಲ ಪ್ರತಿವಾದಿಯ ವಕೀಲನಲ್ಲ. ಲೋಕದ ಅಪರಾಧವನ್ನು ಎತ್ತಿ ತೋರಿಸುವಲ್ಲಿ ಅವನು ಆಪಾದಕನ ಸ್ಥಾನಕ್ಕೆ ಹೋಗುತ್ತಾನೆ. ಸಾಕ್ಷಿ ಹೇಳುವಲ್ಲಿ ಸಾಕ್ಷಿದಾರನಾಗುತ್ತಾನೆ. ‘ಬೇರೊಬ್ಬ’ ಪರಾಕ್ಲೇತೊಸ್ ಎಂಬ ಮಾತಿನಿಂದ ಮೊದಲನೆಯವನು ಯೇಸುವೇ ಎಂಬುದು ಸೂಚಿತವಾಗುತ್ತದೆ, ಮತ್ತು ಪತ್ರದಲ್ಲಿ ಕ್ರಿಸ್ತನಿಗೇ ಈ ಪದ ಬಳಕೆಯಾಗಿರುವುದು ಅದಕ್ಕೆ ಪುಷ್ಟಿ ಕೊಡುತ್ತದೆ. ರೇಮಂಡ್ ಬ್ರೌನ್ 1960ರ ದಶಕದಲ್ಲಿ ತೋರಿಸಿಕೊಟ್ಟಂತೆ, ಯೇಸುವಿನ ಬಗ್ಗೆ ಸುವಾರ್ತೆ ಹೇಳುವ ಬಹುತೇಕ ಎಲ್ಲವನ್ನೂ ಅದು ಪರಾಕ್ಲೇತೊಸ್ ಬಗ್ಗೆಯೂ ಹೇಳುತ್ತದೆ: ತಂದೆಯಿಂದ ಬರುತ್ತಾನೆ, ಲೋಕ ಅವನನ್ನು ಅರಿಯದು, ತನ್ನಷ್ಟಕ್ಕೆ ತಾನೇ ಮಾತನಾಡುವುದಿಲ್ಲ. ಕಣ್ಣಾರೆ ಕಂಡ ತಲೆಮಾರು ಒಬ್ಬೊಬ್ಬರಾಗಿ ತೀರಿಹೋಗುತ್ತಿದ್ದಾಗ ಇನ್ನು ನಮ್ಮ ಜೊತೆ ಯಾರು ಎಂದು ಕೇಳುತ್ತಿದ್ದ ಸಮುದಾಯಕ್ಕೆ ದೊರೆತ ಉತ್ತರವಿದು ಎಂಬ ಅವರ ವಿವರಣೆ ಇಂದಿಗೂ ತೂಕ ಕಳೆದುಕೊಂಡಿಲ್ಲ. 1947ರಿಂದ ಮೃತಸಮುದ್ರದ ದಂಡೆಯ ಕುಮ್ರಾನ್ ಗುಹೆಗಳಲ್ಲಿ ದೊರೆತ ಸುರುಳಿಗಳಲ್ಲಿಯೂ ‘ಸತ್ಯದ ಆತ್ಮ’ ಎಂಬ ಪದಪುಂಜವಿರುವುದರಿಂದ ಈ ಕಲ್ಪನೆಯ ಬೇರುಗಳನ್ನು ಯೆಹೂದಿ ನೆಲದಲ್ಲಿ ಹುಡುಕುವುದೇ ಸರಿಯೆಂದು ಸ್ಪಷ್ಟವಾಗಿದೆ. ಅದಕ್ಕಿಂತ ಹಿಂದೆ ಬುಲ್ಟ್‌ಮನ್ ಅವರು ಮಾಂಡಿಯನ್ ಗ್ರಂಥಗಳ ‘ಸಹಾಯಕ’ರಲ್ಲಿ ಮೂಲವನ್ನು ಕಂಡಿದ್ದರು, ಆ ಅಭಿಪ್ರಾಯಕ್ಕೆ ಈಗ ಹೆಚ್ಚಿನ ಬೆಂಬಲವಿಲ್ಲ.

ನ್ಯಾಯಸಭೆಯ ಅರ್ಥ ಎಷ್ಟು ಕಾಲ ಜೀವಂತವಾಗಿತ್ತು ಎಂಬುದಕ್ಕೆ ಕ್ರಿ.ಶ. 177ರ ಒಂದು ದಾಖಲೆ ಉತ್ತರ ಕೊಡುತ್ತದೆ. ಆ ವರ್ಷ ಗಾಲ್ ದೇಶದ ಲಿಯಾನ್ ಮತ್ತು ವಿಯೆನ್ ಪಟ್ಟಣಗಳ ಕ್ರೈಸ್ತರ ಮೇಲೆ ಘೋರ ಹಿಂಸೆ ನಡೆಯಿತು. ಉಳಿದವರು ಏಷ್ಯಾ ಮತ್ತು ಫ್ರಿಜಿಯದ ಸಭೆಗಳಿಗೆ ಗ್ರೀಕಿನಲ್ಲಿ ಬರೆದ ಪತ್ರವನ್ನು ನಾಲ್ಕನೆಯ ಶತಮಾನದ ಇತಿಹಾಸಕಾರ ಯೂಸೇಬಿಯಸ್ ತನ್ನ ‘ಸಭಾ ಇತಿಹಾಸ’ದಲ್ಲಿ ಉಳಿಸಿಕೊಟ್ಟಿದ್ದಾನೆ. ವಿಚಾರಣೆಯ ಹೆಸರಿನಲ್ಲಿ ನಡೆಯುತ್ತಿದ್ದ ಕ್ರೌರ್ಯವನ್ನು ನೋಡಲಾರದೆ ವೆಟಿಯಸ್ ಎಪಗಾಥಸ್ ಎಂಬ ತರುಣ, ಪ್ರತಿಷ್ಠಿತ ಮನೆತನದವನು, ಎದ್ದು ನಿಂತ. ಈ ಜನರಲ್ಲಿ ನಾಸ್ತಿಕತೆಯಾಗಲಿ ಅಧರ್ಮವಾಗಲಿ ಇಲ್ಲವೆಂದು ವಾದಿಸಲು ಅವಕಾಶ ಕೇಳಿದ. ನೆರೆದ ಜನ ಅಬ್ಬರಿಸಿದರು. ರಾಜ್ಯಪಾಲ ಅವನ ಮಾತಿಗೆ ಕಿವಿಗೊಡದೆ ಒಂದೇ ಪ್ರಶ್ನೆ ಕೇಳಿದ: ನೀನೂ ಕ್ರೈಸ್ತನೋ? ಹೌದೆಂದು ಗಟ್ಟಿದನಿಯಲ್ಲಿ ಹೇಳಿದ ವೆಟಿಯಸ್‌ನನ್ನೂ ಹುತಾತ್ಮರ ಸಾಲಿಗೆ ಸೇರಿಸಲಾಯಿತು. ಅವನನ್ನು ‘ಕ್ರೈಸ್ತರ ಪರಾಕ್ಲೇತೊಸ್’ ಎಂದು ಕರೆದರೆಂದೂ, ಪರಾಕ್ಲೇತೊಸ್ ಆದ ಆತ್ಮನು ಅವನೊಳಗೇ ಇದ್ದನೆಂದೂ ಪತ್ರ ಹೇಳುತ್ತದೆ. ವಾದಿಸಲು ಎದ್ದವನ ಹೆಸರು ಮತ್ತು ಆತ್ಮನ ಹೆಸರು ಒಂದೇ ವಾಕ್ಯದಲ್ಲಿ ಹೆಣೆದುಕೊಂಡಿರುವ ಈ ಪ್ರಯೋಗ ಪದದ ಚರಿತ್ರೆಯಲ್ಲಿ ಅತ್ಯಂತ ಬೆಲೆಯುಳ್ಳದ್ದು. ಯೋಹಾನನ ಸುವಾರ್ತೆಯನ್ನು ಆ ಜನ ಹೇಗೆ ಓದಿದ್ದರು ಎಂಬುದನ್ನು ಯಾವ ಭಾಷ್ಯಕ್ಕಿಂತಲೂ ಚೆನ್ನಾಗಿ ಅದು ತಿಳಿಸುತ್ತದೆ.

ಹಾಗಾದರೆ ಸಾಂತ್ವನದ ಅರ್ಥ ಬಂದುದೆಲ್ಲಿಂದ? ಮೊದಲನೆಯದಾಗಿ, ಸಂಬಂಧಿತ ಕ್ರಿಯಾಪದದ ಆಕರ್ಷಣೆ. ಹೀಬ್ರೂ ಬೈಬಲಿನ ಗ್ರೀಕ್ ಅನುವಾದದಲ್ಲಿ ಯೆಶಾಯನ 40ನೆಯ ಅಧ್ಯಾಯ ತೆರೆದುಕೊಳ್ಳುವುದೇ ಜನರನ್ನು ಸಂತೈಸಿರೆಂಬ ಆಜ್ಞೆಯಲ್ಲಿ. ಅಲ್ಲಿರುವುದು ‘ಪರಕಲೇಇನ್’ ಧಾತುವೇ. ಯೋಬನ ಗ್ರಂಥದ 16ನೆಯ ಅಧ್ಯಾಯದಲ್ಲಿ ಯೋಬನು ತನ್ನ ಮಿತ್ರರನ್ನು ಬೇಸರ ತರುವ ಸಂತೈಸುವವರೆಂದು ಹಳಿಯುವಲ್ಲಿ ಆ ಅನುವಾದ ‘ಪರಕ್ಲೇತೊರ್’ ಎಂಬ ಕರ್ತೃರೂಪವನ್ನು ಬಳಸಿದರೆ, ಕ್ರಿ.ಶ. ಎರಡನೆಯ ಶತಮಾನದ ಅನುವಾದಕರಾದ ಅಕ್ವಿಲ ಮತ್ತು ಥಿಯೊಡೋಷನ್ ‘ಪರಾಕ್ಲೇತೊಸ್’ ಎಂಬುದನ್ನೇ ಬಳಸಿದರು. ಆ ಹೊತ್ತಿಗೆ ಕರ್ಮಣಿಯ ಅರಿವು ಸಡಿಲವಾಗತೊಡಗಿತ್ತು. ಮೂರನೆಯ ಶತಮಾನದ ಮೊದಲ ಭಾಗದಲ್ಲಿ ಒರಿಜೆನ್ ತನ್ನ ‘ಮೂಲತತ್ತ್ವಗಳು’ ಗ್ರಂಥದಲ್ಲಿ ಒಂದು ಸಂಧಾನವನ್ನು ಸೂಚಿಸಿದ: ಈ ಪದಕ್ಕೆ ಬಿನ್ನವಿಸುವವನು, ಸಂತೈಸುವವನು ಎಂಬೆರಡು ಅರ್ಥಗಳುಂಟು, ಪತ್ರದಲ್ಲಿ ಕ್ರಿಸ್ತನ ವಿಷಯಕ್ಕೆ ಮೊದಲನೆಯದು, ಸುವಾರ್ತೆಯಲ್ಲಿ ಆತ್ಮನ ವಿಷಯಕ್ಕೆ ಎರಡನೆಯದು. ನಾಲ್ಕನೆಯ ಶತಮಾನದ ನಡುವಿನಲ್ಲಿ ಯೆರೂಸಲೇಮಿನ ಸಿರಿಲ್ ದೀಕ್ಷಾರ್ಥಿಗಳಿಗೆ ಉಪದೇಶಿಸುವಾಗ ಆತ್ಮನಿಗೆ ಈ ಹೆಸರು ಬಂದುದು ಅವನು ಸಂತೈಸುವುದರಿಂದ ಎಂದು ನೇರವಾಗಿಯೇ ಹೇಳಿದ. ಇವರೆಲ್ಲ ಗ್ರೀಕ್ ಮಾತೃಭಾಷೆಯವರು ಎಂಬುದನ್ನು ಮರೆಯಲಾಗದು. ಆ ಅರ್ಥ ಅವರ ಕಾಲದ ಭಾಷೆಯಲ್ಲಿ ಸಹಜವಾಗಿತ್ತು. ಎರಡನೆಯ ಕಾರಣ ಚಾರಿತ್ರಿಕವಾದುದೆಂದು ಊಹಿಸಬಹುದು. ಸಿರಿಲನ ಕಾಲಕ್ಕೆ ರೋಮನ್ ಪ್ರಭುತ್ವ ಕ್ರೈಸ್ತರದ್ದಾಗಿತ್ತು. ಕಟಕಟೆಯಲ್ಲಿ ನಿಲ್ಲುವ ಪ್ರಸಂಗವೇ ವಿರಳವಾದಾಗ ಪಕ್ಕದಲ್ಲಿ ನಿಲ್ಲುವವನ ಅಗತ್ಯವೂ ಬೇರೆ ಬಗೆಯದಾಯಿತು.

ಲ್ಯಾಟಿನಿನಲ್ಲಿ ಒರಿಜೆನ್‌ನ ಈ ವಿಭಜನೆ ಬೇರೊಂದು ಬಗೆಯಲ್ಲಿ ಸ್ಥಿರವಾಯಿತು. ಹಳೆಯ ಲ್ಯಾಟಿನ್ ಅನುವಾದಗಳು ಹಲವೆಡೆ ‘ಅದ್ವೊಕಾತುಸ್’ ಎಂದು ಸರಿಯಾಗಿಯೇ ಭಾಷಾಂತರಿಸಿದ್ದವು. 384ರ ಸುಮಾರಿನಲ್ಲಿ ಸುವಾರ್ತೆಗಳನ್ನು ಪರಿಷ್ಕರಿಸಿದ ಜೆರೋಮ್ ಯೋಹಾನನ ಸುವಾರ್ತೆಯಲ್ಲಿ ಗ್ರೀಕ್ ಪದವನ್ನೇ ಲ್ಯಾಟಿನ್ ಲಿಪಿಯಲ್ಲಿ ‘ಪರಾಕ್ಲಿತುಸ್’ ಎಂದು ಉಳಿಸಿದ. ಪ್ರಚಲಿತ ಲ್ಯಾಟಿನ್ ಬೈಬಲಿನ ಪತ್ರಭಾಗದಲ್ಲಿ ಮಾತ್ರ ‘ಅದ್ವೊಕಾತುಸ್’ ನಿಂತಿತು. ಒಂದೇ ಪದ ಎರಡಾಯಿತು. ಗ್ರೀಕ್ ತಿಳಿಯದ ಪಶ್ಚಿಮ ಯುರೋಪಿನ ಓದುಗನಿಗೆ ಕ್ರಿಸ್ತನೂ ಆತ್ಮನೂ ಒಂದೇ ಹೆಸರನ್ನು ಹಂಚಿಕೊಂಡಿದ್ದಾರೆಂಬ ಸಂಗತಿ ಸಾವಿರ ವರ್ಷಕ್ಕೂ ಮಿಕ್ಕಿ ಮರೆಯಾಗಿಯೇ ಉಳಿಯಿತು. ಗಾತಿಕ್‌ನಲ್ಲಿ ಉಲ್ಫಿಲಾ, ಸಿರಿಯಾಕ್‌ನಲ್ಲಿ ಅಲ್ಲಿನ ಅನುವಾದಕರು ಕೂಡ ಪದವನ್ನು ಅನುವಾದಿಸದೆ ಹಾಗೆಯೇ ತೆಗೆದುಕೊಂಡರು.

ಅನುವಾದವಾಗದೆ ಉಳಿದ ಪದ ಅಂಕಿತನಾಮದಂತೆ ಕೇಳಿಸತೊಡಗುತ್ತದೆ. ಹೆಸರು ಎಂದ ಮೇಲೆ ಅದಕ್ಕೆ ಹಕ್ಕುದಾರರೂ ಹುಟ್ಟುತ್ತಾರೆ. ಎರಡನೆಯ ಶತಮಾನದ ಉತ್ತರಾರ್ಧದಲ್ಲಿ ಫ್ರಿಜಿಯದ ಮೊಂಟಾನಸ್ ಮತ್ತು ಅವನ ಸಂಗಡಿಗರಾದ ಪ್ರವಾದಿನಿಯರು ತಮ್ಮ ಬಾಯಿಂದ ಪರಾಕ್ಲೇತೊಸ್ ನುಡಿಯುತ್ತಾನೆಂದರು. ಲ್ಯಾಟಿನ್ ಕ್ರೈಸ್ತ ಗದ್ಯದ ಆದ್ಯಪುರುಷನಾದ ಟರ್ಟುಲಿಯನ್ ಕೂಡ ಆ ಪಂಥದ ಕಡೆಗೆ ವಾಲಿದ. 216ರಲ್ಲಿ ಮೆಸಪೊಟೇಮಿಯದಲ್ಲಿ ಹುಟ್ಟಿದ ಮಾನಿ, ಪರಾಕ್ಲೇತೊಸ್ ತನ್ನ ಮೇಲೆ ಇಳಿದು ಎಲ್ಲ ರಹಸ್ಯಗಳನ್ನೂ ತಿಳಿಸಿದನೆಂದು ಸಾರಿ ಹೊಸ ಧರ್ಮವನ್ನೇ ಸ್ಥಾಪಿಸಿದ. ಅವನ ಅನುಯಾಯಿಗಳು ಅವನನ್ನೇ ಪರಾಕ್ಲೇತೊಸ್ ಎಂದರು. ಸಸಾನಿ ಅರಸ ಒಂದನೆಯ ಬಹ್ರಾಮನ ಸೆರೆಮನೆಯಲ್ಲಿ ಅವನು ತೀರಿಕೊಂಡ. ಇಸ್ಲಾಮಿ ಪರಂಪರೆಯಲ್ಲಿಯೂ ಈ ಪದಕ್ಕೆ ಸ್ಥಾನವುಂಟು. ಕುರ್‌ಆನಿನ 61ನೆಯ ಅಧ್ಯಾಯದಲ್ಲಿ ಯೇಸು ತನ್ನ ನಂತರ ಅಹ್ಮದ್ ಎಂಬ ಪ್ರವಾದಿ ಬರುವನೆಂದು ತಿಳಿಸುವ ಪ್ರಸ್ತಾಪವಿದೆ. ಎಂಟನೆಯ ಶತಮಾನದ ಚರಿತ್ರಕಾರ ಇಬ್ನ್ ಇಸ್‌ಹಾಕ್ ಯೋಹಾನನ ಸುವಾರ್ತೆಯ ಭಾಗವೊಂದನ್ನು ಅರಬಿಯಲ್ಲಿ ಉದ್ಧರಿಸುವಾಗ ‘ಮುನಹ್ಹಮನ’ ಎಂಬ ಪದವನ್ನು ಕೊಟ್ಟು, ಅದು ಮುಹಮ್ಮದರನ್ನು ಸೂಚಿಸುತ್ತದೆಂದೂ ಗ್ರೀಕಿನಲ್ಲಿ ಅದಕ್ಕೆ ‘ಬರಕ್ಲೀತಿಸ್’ ಎನ್ನುತ್ತಾರೆಂದೂ ವಿವರಿಸಿದ್ದಾನೆ. ಆ ಪದ ಪ್ಯಾಲೆಸ್ಟೀನಿನ ಕ್ರೈಸ್ತರ ಅರಮಾಯಿಕ್ ಸುವಾರ್ತೆಯಿಂದ ಬಂದುದು; ಅದರ ಧಾತು ಸಂತೈಸುವುದು ಎಂಬರ್ಥದ ‘ನಹ್‌ಮ್’. ಅಂದರೆ ಪೂರ್ವದ ಆ ಒಂದು ಅನುವಾದದಲ್ಲಿ ಸಾಂತ್ವನದ ಅರ್ಥವೇ ನೆಲೆಗೊಂಡಿತ್ತು ಎಂಬ ಭಾಷಾಸಾಕ್ಷ್ಯ ಇಲ್ಲಿ ಪ್ರಾಸಂಗಿಕವಾಗಿ ದೊರೆಯುತ್ತದೆ. ಮೂಲದಲ್ಲಿ ‘ಪೆರಿಕ್ಲುತೊಸ್’, ಅಂದರೆ ಬಹುಕೀರ್ತಿತ, ಎಂದಿದ್ದು ಆಮೇಲೆ ಬದಲಾಯಿತೆಂಬ ವಾದ ಬಹಳ ಈಚಿನದು. ಉಳಿದುಬಂದಿರುವ ಯಾವ ಗ್ರೀಕ್ ಹಸ್ತಪ್ರತಿಯಲ್ಲಿಯೂ ಆ ಪಾಠವಿಲ್ಲ. ನಂಬಿಕೆಯ ಪ್ರಶ್ನೆ ಬೇರೆ, ಪಾಠದ ಪ್ರಶ್ನೆ ಬೇರೆ.

ಮಧ್ಯಯುಗದ ಫ್ರಾನ್ಸಿನಲ್ಲಿ ಈ ಹೆಸರು ಒಂದು ಕಟ್ಟಡಕ್ಕೆ ಅಂಟಿಕೊಂಡಿತು. ತಾರ್ಕಿಕ ಅಬೆಲಾರ್ಡನು ತ್ರಿತ್ವವನ್ನು ಕುರಿತು ಬರೆದ ಗ್ರಂಥವನ್ನು 1121ರಲ್ಲಿ ಸ್ವಾಸೊಂ ಧರ್ಮಸಭೆ ಖಂಡಿಸಿತು. ಅವನಿಗೆ ಉತ್ತರ ಕೊಡಲು ಅವಕಾಶ ನೀಡಬೇಕೆಂದು ಶಾರ್ತ್ರದ ಬಿಷಪ್ ಜೆಫ್ರಿ ಪಟ್ಟುಹಿಡಿದರೂ ಫಲವಾಗಲಿಲ್ಲ. ಅಬೆಲಾರ್ಡನ ಕೈಯಿಂದಲೇ ಪುಸ್ತಕವನ್ನು ಬೆಂಕಿಗೆ ಹಾಕಿಸಲಾಯಿತು. ಪದದ ಹಳೆಯ ಅರ್ಥದಲ್ಲಿ ಜೆಫ್ರಿ ಆ ದಿನ ಅಬೆಲಾರ್ಡನ ಪರಾಕ್ಲೇತೊಸ್. ಮರುವರ್ಷದ ಸುಮಾರಿಗೆ ಶಾಂಪೇನ್ ಸೀಮೆಯ ನೊಜಾಂ ಬಳಿಯ ನಿರ್ಜನ ಸ್ಥಳದಲ್ಲಿ ಜೊಂಡು ಹುಲ್ಲುಗಳಿಂದ ಪ್ರಾರ್ಥನಾಮಂದಿರ ಕಟ್ಟಿಕೊಂಡ ಅಬೆಲಾರ್ಡ್, ಹತಾಶೆಯಲ್ಲಿ ಅಲೆಯುತ್ತಿದ್ದ ತನಗೆ ಅಲ್ಲಿ ಒಂದಿಷ್ಟು ಸಮಾಧಾನ ದೊರೆತುದರಿಂದ ಅದಕ್ಕೆ ‘ಪ್ಯಾರಕ್ಲೀಟ್’ ಎಂಬ ಹೆಸರಿಟ್ಟ. ಅವನ ಮನಸ್ಸಿನಲ್ಲಿದ್ದುದು ಸಾಂತ್ವನದ ಅರ್ಥವೇ. ತ್ರಿತ್ವದ ಒಬ್ಬನಿಗೆ ಮಾತ್ರ ಮಂದಿರ ಅರ್ಪಿಸುವುದು ರೂಢಿಯಲ್ಲವೆಂದು ವಿರೋಧಿಗಳು ಆಕ್ಷೇಪವೆತ್ತಿದರು. ಆತ್ಮಕಥನದಲ್ಲಿ ಅವನು ಇದಕ್ಕೆ ದೀರ್ಘ ಸಮರ್ಥನೆ ಬರೆದಿದ್ದಾನೆ. 1129ರಲ್ಲಿ ಆ ಸ್ಥಳವನ್ನು ಆಶ್ರಯ ಕಳೆದುಕೊಂಡಿದ್ದ ಎಲೊಯೀಸ್ ಮತ್ತು ಅವಳ ಸಂನ್ಯಾಸಿನಿಯರಿಗೆ ಬಿಟ್ಟುಕೊಟ್ಟ. ಫ್ರೆಂಚ್ ಕ್ರಾಂತಿಯವರೆಗೆ ಆ ಮಠ ನಡೆಯಿತು.

ಇಂಗ್ಲಿಷಿನ ‘ಕಂಫರ್ಟರ್’ ಬಗ್ಗೆ ಒಂದು ಮಾತು ಅಗತ್ಯ. 1380ರ ದಶಕದ ವಿಕ್ಲಿಫ್ ಬೈಬಲಿನಲ್ಲಿ ಈ ಪದ ಬಂದಾಗ ಅದರ ಅರ್ಥ ಇಂದಿನಂತಿರಲಿಲ್ಲ. ಲ್ಯಾಟಿನ್ ‘ಫೊರ್ತಿಸ್’, ಅಂದರೆ ಬಲಶಾಲಿ, ಎಂಬುದರಿಂದ ಹುಟ್ಟಿದ ‘ಕಂಫರ್ಟ್’ ಆಗ ಬಲ ತುಂಬುವುದು ಎಂಬರ್ಥದಲ್ಲಿತ್ತು. ಫಿಲಿಪ್ಪಿಯವರಿಗೆ ಬರೆದ ಪತ್ರದಲ್ಲಿ ಪೌಲನು ತನ್ನನ್ನು ಬಲಪಡಿಸುವವನ ಬಗ್ಗೆ ಹೇಳುವಲ್ಲಿ ಅದೇ ಅನುವಾದ ಅದೇ ಕ್ರಿಯಾಪದವನ್ನು ಬಳಸಿದೆ. 1526ರ ಟಿಂಡೇಲ್, 1611ರ ಅಧಿಕೃತ ಅನುವಾದಗಳು ಸುವಾರ್ತೆಯಲ್ಲಿ ಇದನ್ನೇ ಉಳಿಸಿಕೊಂಡು ಪತ್ರದಲ್ಲಿ ‘ಅಡ್ವೊಕೇಟ್’ ಎಂದವು. ಪದ ಹಾಗೆಯೇ ಉಳಿಯಿತು, ಅರ್ಥ ಮೆತ್ತಗಾಗುತ್ತ ಹೋಯಿತು. 1871ರಲ್ಲಿ ಲೈಟ್‌ಫುಟ್ ಕರ್ಮಣಿ ರೂಪದ ಆಧಾರದ ಮೇಲೆ ಐದೂ ಕಡೆ ‘ಅಡ್ವೊಕೇಟ್’ ಎಂದೇ ಇರಬೇಕೆಂದು ವಾದಿಸಿದರು. 1881ರ ಪರಿಷ್ಕರಣಕಾರರು ಒಪ್ಪಲಿಲ್ಲ; ಪರ್ಯಾಯಗಳನ್ನು ಅಂಚಿನ ಟಿಪ್ಪಣಿಗೆ ತಳ್ಳಿದರು. ಇಪ್ಪತ್ತನೆಯ ಶತಮಾನದ ಉತ್ತರಾರ್ಧದ ಹಲವು ಇಂಗ್ಲಿಷ್ ಅನುವಾದಗಳಲ್ಲಿ ಲೈಟ್‌ಫುಟ್ ಅವರ ಪಕ್ಷ ಗೆದ್ದಿದೆ. ಇತ್ತ ಆಧುನಿಕ ಹೀಬ್ರೂ ಭಾಷೆಯಲ್ಲಿ ‘ಪ್ರಕ್ಲೀಟ್’ ಎಂಬುದು ನ್ಯಾಯವಾದಿಯ ಹೆಸರಾಗಿ ಉಳಿದಿದ್ದರೂ, ಇಸ್ರೇಲಿನಲ್ಲಿ ಸರ್ಕಾರದ ಪರ ಆಪಾದನೆ ನಡೆಸುವ ಇಲಾಖೆಯ ಹೆಸರೂ ಅದರಿಂದಲೇ ನಿಷ್ಪನ್ನವಾದುದು. ಮಿಷ್ನಾದಲ್ಲಿ ಆಪಾದಕನಿಗೆ ಎದುರಾಗಿದ್ದವನು ಈಗ ಆಪಾದಕನ ಆಸನದಲ್ಲಿ ಕುಳಿತಿ­ದ್ದಾನೆ.

ದಕ್ಷಿಣ ಭಾರತದ ಭಾಷೆಗಳಿಗೆ ಈ ಸಮಸ್ಯೆ ಬಂದುದು ಬೈಬಲ್ ಅನುವಾದದೊಡನೆ. ತಮಿಳು ‘ತೇಟ್ರರವಾಳನ್’ ಎಂದು, ತೆಲುಗು ‘ಆದರಣಕರ್ತ’ ಎಂದು ಸಾಂತ್ವನದ ಪಕ್ಷವನ್ನು ಹಿಡಿದವು. ಮಲಯಾಳವು ‘ಕಾರ್ಯಸ್ಥನ್’ ಎಂದು, ಒಬ್ಬನ ಪರವಾಗಿ ವ್ಯವಹಾರ ನೋಡಿಕೊಳ್ಳುವವನ ಹೆಸರನ್ನು ಆರಿಸಿಕೊಂಡಿತು. ಸಿರಿಯಾಕ್ ಪ್ರಾರ್ಥನೆಗಳಲ್ಲಿ ‘ಪರಕ್ಲೀತಾ’ ಎಂಬ ರೂಪವನ್ನು ಶತಮಾನಗಳಿಂದ ಕೇಳಿದ್ದ ನೆಲದಲ್ಲಿ ಇದು ಗಮನಿಸತಕ್ಕ ಆಯ್ಕೆ. ಕನ್ನಡದಲ್ಲಿ 1810ರಲ್ಲಿ ಬಳ್ಳಾರಿಗೆ ಬಂದ ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ ಅವರಿಂದ ಮೊದಲ್ಗೊಂಡು ನಡೆದ ಅನುವಾದ, ಪರಿಷ್ಕರಣಗಳ ದೀರ್ಘ ಪರಂಪರೆಯಿದೆ. ಕನ್ನಡ ಕ್ರೈಸ್ತ ಬರಹದಲ್ಲಿ ಆದರಿಕ, ಪೋಷಕ, ಸಹಾಯಕ ಎಂಬ ಮೂರೂ ರೂಪಗಳು ಕಾಣಸಿಗುತ್ತವೆ. ಬಹುಕಾಲದಿಂದ ಪ್ರಚಾರದಲ್ಲಿರುವ ‘ಸತ್ಯವೇದ’ದಲ್ಲಿ ನೆಲೆಗೊಂಡದ್ದು ‘ಸಹಾಯಕ’. ಸಾಂತ್ವನದ ಆರ್ದ್ರತೆಯಾಗಲಿ ನ್ಯಾಯವಾದಿಯ ಖಚಿತತೆಯಾಗಲಿ ಇಲ್ಲದ ಬಡಕಲು ಪದವೆಂದು ಇದು ಮೇಲ್ನೋಟಕ್ಕೆ ತೋರಬಹುದು. ಇಂದಿನ ಕನ್ನಡದಲ್ಲಿ ಸಹಾಯಕನೆಂದರೆ ಕಚೇರಿಯ ಶ್ರೇಣಿಯಲ್ಲಿ ಕೆಳಗಿನವನು ಎಂಬ ಧ್ವನಿಯೂ ಸೇರಿಕೊಂಡು ಪದ ಮತ್ತಷ್ಟು ಸೊರಗಿದೆ. ಆದರೆ ಸಂಸ್ಕೃತದ ‘ಸಹಾಯ’ವನ್ನು ಸಹ ಮತ್ತು ಅಯ ಎಂದು ಬಿಡಿಸಿದರೆ ದೊರೆಯುವ ಅರ್ಥ ‘ಜೊತೆಯಲ್ಲಿ ಹೋಗುವವನು’. ಅಮರಕೋಶವು ‘ಸಹಾಯ’ವನ್ನು ಅನುಚರ ಎಂಬುದರ ಸಮಾನಪದವಾಗಿಯೇ ಕೊಟ್ಟಿದೆ. ನೆರವು ಎಂಬ ಭಾವಾರ್ಥ ಬರುವ ಮೊದಲು ಅದು ಒಬ್ಬ ಮನುಷ್ಯನ ಹೆಸರು: ಜೊತೆಗಾರ. ಡೆಮಾಸ್ಥನೀಸನ ಕಾಲದಲ್ಲಿ ನ್ಯಾಯಸಭೆಗೆ ಜೊತೆಯಲ್ಲಿ ಬಂದು ನಿಲ್ಲುತ್ತಿದ್ದವನಿಗೂ, ಲಿಯಾನಿನಲ್ಲಿ ಎದ್ದು ನಿಂತ ತರುಣನಿಗೂ ಜರ್ಮನಿನ ‘ಟ್ರೋಸ್ಟರ್’, ಇಂಗ್ಲಿಷಿನ ‘ಕಂಫರ್ಟರ್’ ಎಂಬ ಹೆಸರುಗಳಿಗಿಂತ ಇದು ಹೆಚ್ಚು ಒಪ್ಪುತ್ತದೆ. ಕನ್ನಡದ ಅನುವಾದಕರು ಈ ವ್ಯುತ್ಪತ್ತಿಯನ್ನು ಎಣಿಸಿಯೇ ಪದವನ್ನು ಆರಿಸಿದರೆನ್ನಲು ಆಧಾರ ಬೇಕು. ಆದರೆ ಪದದೊಳಗೆ ಆ ಅರ್ಥ ಇದ್ದೇ ಇದೆ.